ಗೇಮ್ ಮಧ್ಯ ಅರ್ಧ ಸೆಕೆಂಡ್ ನಿಂತುಹೋಗ್ತದೆ, ಗ್ರಾಫಿಕ್ಸ್ ಕಾರ್ಡ್ ಹೋಯ್ತು ಅಂತಾರೆ, ನನಗೆ ಲಾಂಚರ್ ಮೇಲೆ ಡೌಟು

ಚೆಂಡೆಪೆಟ್ಟು:

ಎಲ್ರಿಗೂ ನಮಸ್ಕಾರ. ಸ್ವಲ್ಪ ಉದ್ದ ಉಂಟು, ದಯವಿಟ್ಟು ಪೂರ್ತಿ ಓದಿ, ಎರಡು ವಾರದಿಂದ ಇದ್ರಲ್ಲೇ ಮಂಡೆಬಿಸಿ ಮಾಡ್ಕೊಂಡು ಕೂತಿದ್ದೇನೆ.

ನಂದು ಕಿನ್ನಿಗೋಳಿ ಹತ್ರ. ಯಕ್ಷಗಾನಕ್ಕೆ ವಿಡಿಯೋ ಮಾಡುವ ಕೆಲಸ, ಮೇಳ ಹೊರಟ ಮೇಲೆ ಮೇ ಕೊನೆಯ ಪತ್ತನಾಜೆವರೆಗೆ ಪುರುಸೊತ್ತೇ ಇಲ್ಲ, ಮಳೆಗಾಲದಲ್ಲಿ ಮಾತ್ರ ಕಂಪ್ಯೂಟರ್ ಮುಂದೆ ಆರಾಮಲ್ಲಿ ಕೂತ್ಕೊಳ್ಳುದು. ಸಿಸ್ಟಮ್ ಪ್ರೊಸೆಸರ್ ರೈಜನ್ 5 3600, ಗ್ರಾಫಿಕ್ಸ್ ಕಾರ್ಡ್ ಜಿಟಿಎಕ್ಸ್ 1650 4 ಜಿಬಿ, ರ್‍ಯಾಮ್ 8 ಜಿಬಿ ಒಂದೇ ಸ್ಟಿಕ್, ವಿಂಡೋಸ್ 11 ಎಸ್‌ಎಸ್‌ಡಿಯಲ್ಲಿ, ಗೇಮ್ ಎಲ್ಲ 1 ಟಿಬಿ ಹಾರ್ಡ್ ಡಿಸ್ಕಿನಲ್ಲಿ. ಮಾನಿಟರ್ 60 ಹರ್ಟ್ಸ್.

ತೊಂದ್ರೆ ಎಂತ ಅಂದ್ರೆ, ಕಾರ್ ಓಡಿಸುವ ಗೇಮು, ಮೂಲೆಯಲ್ಲಿ ಎಫ್‌ಪಿಎಸ್ (ಸೆಕೆಂಡಿಗೆ ಬರುವ ಚಿತ್ರ, ಅಂದ್ರೆ ಫ್ರೇಮ್) 59-60 ಅಂತಲೇ ತೋರಿಸ್ತದೆ, ಆದ್ರೆ ಮಧ್ಯ ಮಧ್ಯ ಚಿತ್ರ ಅರ್ಧ ಸೆಕೆಂಡ್ ಗಟ್ಟಿಯಾಗಿ ನಿಲ್ತದೆ. ಸೌಂಡ್ ಮುಂದೆ ಹೋಗ್ತಾ ಇರ್ತದೆ, ಕೈ ಸ್ಟೀರಿಂಗ್ ಬಟನ್ ಮೇಲೆ ಒತ್ತಿಯೇ ಇರ್ತದೆ, ಚಿತ್ರ ವಾಪಸ್ ಬರುವಾಗ ಕಾರು ರೋಡ್ ಬಿಟ್ಟು ಕೆಳಗೆ. ಮೊದಲು ಹೀಗೆ ಇರ್ಲಿಲ್ಲ, ಲಾಂಚರ್, ಅಂದ್ರೆ ಗೇಮ್ ಡೌನ್‌ಲೋಡ್ ಮಾಡಿ ಓಪನ್ ಮಾಡುವ ಆಪ್, ಒಂದು ದೊಡ್ಡ ಅಪ್ಡೇಟ್ ತಗೊಂಡ ಮೇಲೆಯೇ ನನಗೆ ಗೊತ್ತಾದದ್ದು.

ಪೇಟೆಯಲ್ಲಿ ಒಂದು ಅಂಗಡಿಗೆ ತಗೊಂಡು ಹೋದೆ. ಹತ್ತು ನಿಮಿಷ ನೋಡಿ ಕಾರ್ಡ್ ವೀಕ್ ಆಗಿದೆ, ಹೊಸತು ಹಾಕಿ ಅಂದ್ರು. ಸೀಸನ್‌ನಲ್ಲಿ ನಿದ್ದೆಬಿಟ್ಟು ಉಳಿಸಿದ ದುಡ್ಡು ಉಂಟು, ಆದ್ರೆ ಅದು ಕ್ಯಾಮೆರಾ ಲೆನ್ಸಿಗೆ ಅಂತ ಇಟ್ಟದ್ದು, ಸುಮ್ನೆ ಕೊಡ್ಲಿಕ್ಕೆ ಮನಸ್ಸು ಬರುದಿಲ್ಲ. ಧೂಳು ತೆಗೆದೆ, ಡ್ರೈವರ್ ಪೂರ್ತಿ ತೆಗೆದು ಹೊಸತು ಹಾಕಿದೆ, ಕೊನೆಗೆ ವಿಂಡೋಸನ್ನೇ ಹೊಸತು ಹಾಕಿದೆ, ಅದೇ ಕತೆ. ಲಾಂಚರ್ ಹೆಸರು ಹಾಕುದಿಲ್ಲ, ಎಲ್ಲ ಲಾಂಚರಿನ ಸ್ವಭಾವ ಹೆಚ್ಚುಕಡಿಮೆ ಒಂದೇ ಅಂತ ಕಾಣ್ತದೆ.

ಇನ್ನೊಂದು ಮಾತು, ಇದು ಉಪಯೋಗಕ್ಕೆ ಬರ್ತದಾ ಗೊತ್ತಿಲ್ಲ. ವರ್ಷಗಟ್ಟಲೆ ಚೆಂಡೆ ಮದ್ದಳೆ ಕೇಳಿದ ಕಿವಿ, ನಿಲ್ಲುದರಲ್ಲಿ ಒಂದು ಲಯ ಇದ್ದ ಹಾಗೆ ಅನಿಸಿತು. ಮೊಬೈಲಲ್ಲಿ ಸ್ಟಾಪ್‌ವಾಚ್ ಇಟ್ಟು ನೋಡಿದೆ. 30 ಸೆಕೆಂಡ್, 31, 30, 30, 31. ಸ್ಪೀಡಾಗಿ ಹೋದ್ರೂ ಅಷ್ಟೇ, ಕಾರ್ ಸೈಡಿಗೆ ನಿಲ್ಲಿಸಿ ಸುಮ್ನೆ ಕೂತ್ರೂ ಅಷ್ಟೇ.

ಮಲ್ಪೆ_ಬಂಗುಡೆ:

ಮಾರಾಯ್ರೆ ಮೊದಲು ಹೀಟ್ ನೋಡಿ. ನಮ್ಮ ಕಡೆ ಉಪ್ಪುಗಾಳಿಗೆ ಕಾರ್ಡಿನ ಸ್ಕ್ರೂ ಎಲ್ಲ ತುಕ್ಕು ಹಿಡಿದು ಫ್ಯಾನ್ ಸರಿ ತಿರುಗುದಿಲ್ಲ, ನನ್ನ ಹಳೆ ಕಾರ್ಡ್ ಹಾಗೆಯೇ ಹೋದದ್ದು.

ಚೆಂಡೆಪೆಟ್ಟು:

ನೋಡಿದೆ ಅಣ್ಣ, ಒಂದು ಗಂಟೆ ಆಡಿದ್ರೂ ಕಾರ್ಡ್ 68 ಡಿಗ್ರಿ, ಪ್ರೊಸೆಸರ್ 72. ಹೊರಗೆ ಜೋರು ಮಳೆ, ರೂಮು ತಂಪೇ ಉಂಟು.

ಬಿಜೈ_ಸೋಡಾ:

ನೇರ ಹೇಳ್ತೇನೆ ಬೇಜಾರ್ ಮಾಡ್ಬೇಡಿ. ಏನಾದ್ರೂ ಆದ್ರೆ ಲಾಂಚರಿಗೆ ಬೈಯುದು ಈಗ ಎಲ್ಲರಿಗೂ ಅಭ್ಯಾಸ ಆಗಿದೆ. ನಿಮ್ಮ ಸಿಸ್ಟಮಲ್ಲಿ 8 ಜಿಬಿ ಒಂದೇ ಸ್ಟಿಕ್, ಅಂದ್ರೆ ಸಿಂಗಲ್ ಚಾನೆಲ್, ಪ್ರೊಸೆಸರಿಗೆ ಡೇಟಾ ಹೋಗ್ಲಿಕ್ಕೆ ಒಂದೇ ದಾರಿ, 3200ರ ಡಿಡಿಆರ್4 ಆದ್ರೆ ಒಂದು ಸ್ಟಿಕ್ಕಿಗೆ ಸೆಕೆಂಡಿಗೆ 25.6 ಜಿಬಿ, ಎರಡು ಹಾಕಿದ್ರೆ 51.2. ರೈಜನ್‌ಗೆ ಇದು ಚೆನ್ನಾಗಿಯೇ ಗೊತ್ತಾಗ್ತದೆ. ಮೇಲಿಂದ ಗೇಮ್ ಹಾರ್ಡ್ ಡಿಸ್ಕಲ್ಲಿ. ಇನ್ನೊಂದು 8 ಜಿಬಿ ಹಾಕಿ, ಆಮೇಲೆ ಮಾತಾಡುವ.

ಕಲ್ಸಂಕ_ಅಕ್ಕ:

ಬಿಜೈಯವ್ರು ಹೇಳಿದ ರ್‍ಯಾಮ್ ಮಾತು ಸರಿ ಉಂಟು, ಅದನ್ನು ಹಾಕುದೇ ಒಳ್ಳೇದು. ಆದ್ರೆ ತಮ್ಮಾ, ನೀನು ಕೊನೆಗೆ ಹೇಳಿದ್ದನ್ನೇ ಎಲ್ಲಕ್ಕಿಂತ ಮೊದಲು ಹೇಳ್ಬೇಕಿತ್ತು. ರ್‍ಯಾಮ್ ಕಮ್ಮಿ ಆದ್ರೆ, ಕಾರ್ಡ್ ಸುಸ್ತಾದ್ರೆ ಗೇಮಿನಲ್ಲಿ ಕೆಲಸ ಜಾಸ್ತಿ ಆದಾಗ ನಿಲ್ತದೆ, ಹೊಸ ಜಾಗಕ್ಕೆ ಹೋಗುವಾಗ, ಹತ್ತು ಕಾರು ಒಟ್ಟಿಗೆ ಬಂದಾಗ. ಕಾರ್ ಸೈಡಿಗೆ ನಿಲ್ಲಿಸಿದ್ರೂ 30 ಸೆಕೆಂಡಿಗೆ ಸರಿಯಾಗಿ ಬರ್ತದೆ ಅಂದ್ರೆ ಅದು ಗೇಮಿನ ಕೆಲಸ ಅಲ್ಲ, ಹಿಂದೆ ಯಾವುದೋ ಸಾಫ್ಟ್‌ವೇರಿನ ಟೈಮರ್ ಅದು. ಸಾಯುವ ಕಾರ್ಡ್ ಗಡಿಯಾರ ನೋಡಿ ಸಾಯುದಿಲ್ಲ.

ಮತ್ತೆ ಆ 59ನ್ನು ನಂಬ್ಬೇಡ. 30 ಸೆಕೆಂಡಿನ ಲೆಕ್ಕ ಹಾಕು. 29 ಸೆಕೆಂಡ್ ಸರಿಯಾಗಿ 60 ಫ್ರೇಮ್ ಬಂತು, 1740 ಆಯ್ತು. ಒಂದು ಸೆಕೆಂಡಲ್ಲಿ ಒಂದೇ ಫ್ರೇಮ್ ಅರ್ಧ ಸೆಕೆಂಡ್ ತಿಂದಿತು, ಉಳಿದ ಅರ್ಧದಲ್ಲಿ 30, ಒಟ್ಟು 31. ಕೂಡಿದ್ರೆ 1771, ಮೂವತ್ತರಿಂದ ಭಾಗಿಸಿದ್ರೆ 59.03. ಕಣ್ಣಿಗೆ ಹೊಡೆಯುವ ತೊಂದ್ರೆ, ಸರಾಸರಿಯಲ್ಲಿ ಒಂದೇ ಒಂದು ಎಫ್‌ಪಿಎಸ್ ಕಮ್ಮಿ! ಒನ್ ಪರ್ಸೆಂಟ್ ಲೋ, ಅಂದ್ರೆ ಅತಿ ನಿಧಾನದ ನೂರರಲ್ಲೊಂದು ಪಾಲು ಫ್ರೇಮಿನ ಲೆಕ್ಕ, ನೋಡಿ ಅಂತ ಕೆಲವ್ರು ಹೇಳ್ತಾರೆ, ಆದ್ರೆ ಇಲ್ಲಿ 1771ರಲ್ಲಿ ಕೆಟ್ಟದ್ದು ಒಂದೇ ಫ್ರೇಮ್, ಲೆಕ್ಕ ಹಾಕುವ ಕ್ರಮದ ಮೇಲೆ ಅದ್ರಲ್ಲಿಯೂ ತಪ್ಪಿಹೋಗ್ಬಹುದು. ಹಾಗಾಗಿ ಫ್ರೇಮ್‌ಟೈಮ್ ಗ್ರಾಫನ್ನೇ ನೋಡ್ಬೇಕು. 60 ಎಫ್‌ಪಿಎಸ್ ಅಂದ್ರೆ ಒಂದೊಂದು ಫ್ರೇಮಿಗೆ 16.7 ಮಿಲಿಸೆಕೆಂಡ್, ಗೆರೆ ಅಲ್ಲೇ ಮಟ್ಟವಾಗಿ ಹೋಗ್ಬೇಕು, ತೆಂಗಿನಮರದ ಹಾಗೆ ಒಂದು ಎದ್ದು ನಿಂತ್ರೆ ಅದೇ ನಿನ್ನ ಫ್ರೀಜ್. ಕ್ಯಾಪ್‌ಫ್ರೇಮ್‌ಎಕ್ಸ್ ಅಂತ ಫ್ರೀ ಟೂಲ್ ಉಂಟು, ಅದ್ರಲ್ಲಿ ರೆಕಾರ್ಡ್ ಮಾಡು.

ಈಗ ಮಾಡ್ಬೇಕಾದ್ದು ಇಷ್ಟೇ. ಗೇಮ್ ಬಾರ್ಡರ್‌ಲೆಸ್ ವಿಂಡೋದಲ್ಲಿ ಇಟ್ಟು, ಕಂಟ್ರೋಲ್ ಶಿಫ್ಟ್ ಎಸ್ಕೇಪ್ ಒತ್ತಿ ಟಾಸ್ಕ್ ಮ್ಯಾನೇಜರ್ ತೆಗಿ. ಡೀಟೇಲ್ಸ್‌ಗೆ ಹೋಗಿ ಮೇಲಿನ ಹೆಡ್ಡಿಂಗ್ ಮೇಲೆ ರೈಟ್ ಕ್ಲಿಕ್ ಮಾಡಿ ಕಾಲಮ್ ಆರಿಸುವಲ್ಲಿ ಡೆಡಿಕೇಟೆಡ್ ಜಿಪಿಯು ಮೆಮೊರಿ (ಗ್ರಾಫಿಕ್ಸ್ ಕಾರ್ಡಿನದ್ದೇ ಮೆಮೊರಿ) ಅಂತ ಉಂಟು, ಅದನ್ನು ಟಿಕ್ ಮಾಡು. ಪರ್ಫಾರ್ಮೆನ್ಸ್ ಟ್ಯಾಬಲ್ಲಿ ಡಿಸ್ಕ್ ಗ್ರಾಫ್ ನೋಡ್ತಾ ಇರು. ಫ್ರೀಜ್ ಆದ ಹೊತ್ತಿಗೆ ಎಂತ ಆಗ್ತದೆ ಹೇಳು. ಏನನ್ನೂ ಬದಲಿಸ್ಬೇಡ ಈಗಲೇ.

ಚೆಂಡೆಪೆಟ್ಟು:

ಅಕ್ಕ ತುಂಬಾ ಥ್ಯಾಂಕ್ಸ್. ನೀವು ಹೇಳಿದ ಹಾಗೆ ಮಾಡಿದೆ. ಲಾಂಚರ್ ಹೆಸರಲ್ಲಿ ಒಂದಲ್ಲ ಏಳು ಪ್ರೋಸೆಸ್ ಓಡ್ತಾ ಉಂಟು, ಒಟ್ಟು ರ್‍ಯಾಮ್ 740 ಎಂಬಿ, ಅದ್ರಲ್ಲಿ ಒಂದು ಜಿಪಿಯು ಮೆಮೊರಿಯಲ್ಲೇ 310 ಎಂಬಿ ಹಿಡ್ಕೊಂಡಿದೆ, ಗೇಮ್ ಓಡುವಾಗ ಹಿಂದೆ ಸ್ಟೋರ್ ಪೇಜಿನ ವಿಡಿಯೋ ಬ್ಯಾನರ್ ಓಡ್ತಾ ಇತ್ತು. ಕಾರ್ಡಿನ 4 ಜಿಬಿಯಲ್ಲಿ 3.9 ಫುಲ್. ಮತ್ತೆ ಮುಖ್ಯ ವಿಷಯ, ಪ್ರತಿ 30 ಸೆಕೆಂಡಿಗೆ ಹಾರ್ಡ್ ಡಿಸ್ಕ್ 100% ಹೋಗಿ ಇಳೀತದೆ. ಗ್ರಾಫ್ ನೋಡಿದ್ರೆ ಒಂದೇ ಅಳತೆಯಲ್ಲಿ ನೆಟ್ಟ ಬೇಲಿಗೂಟದ ಹಾಗೆ ಕಾಣ್ತದೆ.

ಆದ್ರೆ ಒಂದು ಗೇಮ್ ಓಪನ್ ಮಾಡುವ ಬಟನ್‌ಗೆ ಏಳು ಪ್ರೋಸೆಸ್ ಯಾಕೆ ಬೇಕು?

ಕಲ್ಸಂಕ_ಅಕ್ಕ:

ಈಗಿನ ಲಾಂಚರ್ ಅಂದ್ರೆ ಒಳಗೆ ಒಂದು ಬ್ರೌಸರ್. ಸ್ಟೀಮ್ 2003ರಲ್ಲಿ ಶುರುವಾದಾಗ ಇದು ಗೇಮ್ ಅಪ್ಡೇಟ್ ಮಾಡುವ ಸಣ್ಣ ಕಿಟಕಿ. ಈಗ ಅದ್ರೊಳಗೆ ಅಂಗಡಿ, ಚಾಟ್, ನ್ಯೂಸ್, ವಿಡಿಯೋ ಎಲ್ಲ ಬೇಕು, ಅದೆಲ್ಲ ವೆಬ್ ಪೇಜ್ ಆಗಿ ಮಾಡುದು ಸುಲಭ, ಹಾಗಾಗಿ ಸುಮಾರು ಲಾಂಚರ್‌ಗಳು ಕ್ರೋಮ್ ಬ್ರೌಸರಿನ ಒಳಗಿರುವ ಕ್ರೋಮಿಯಮ್ ಎಂಜಿನನ್ನು ಒಳಗೆ ಕೂರಿಸಿವೆ. ಕ್ರೋಮಿಯಮ್ ಕ್ರಮವೇ ಹಾಗೆ, ಪೇಜಿಗೆ ಒಂದು ಪ್ರೋಸೆಸ್, ಚಿತ್ರ ಬಿಡಿಸ್ಲಿಕ್ಕೆ ಒಂದು, ನೆಟ್ವರ್ಕಿಗೆ ಒಂದು. ಅದೇ ನಿನ್ನ ಏಳು.

16 ಜಿಬಿ ರ್‍ಯಾಮ್, 8 ಜಿಬಿ ಕಾರ್ಡ್ ಇದ್ದವನಿಗೆ ಇದು ಗೊತ್ತೇ ಆಗುದಿಲ್ಲ. ನಿನಗೆ ಗೊತ್ತಾಗ್ತದೆ. ನಿನ್ನ 1650 ಮೊದಲ ಮಾಡೆಲ್ ಆಗಿದ್ರೆ, ಜಿಡಿಡಿಆರ್5 ಇದ್ದದ್ದು, ಕಾರ್ಡಿನ ಮೆಮೊರಿ ಸೆಕೆಂಡಿಗೆ 128 ಜಿಬಿ ಕೊಡ್ತದೆ. 4 ಜಿಬಿ ತುಂಬಿ ಹೊರಗೆ ಚೆಲ್ಲಿದ್ರೆ ಉಳಿದ ಟೆಕ್ಸ್ಚರ್ (ರಸ್ತೆ, ಗೋಡೆ ಮೇಲೆ ಅಂಟಿಸುವ ಚಿತ್ರ) ಮದರ್‌ಬೋರ್ಡಿನ ರ್‍ಯಾಮಿಗೆ ಹೋಗ್ತದೆ, ಅಲ್ಲಿಂದ ಪಿಸಿಐ ಎಕ್ಸ್‌ಪ್ರೆಸ್ 3.0 ದಾರಿಯಲ್ಲಿ ಬರ್ಬೇಕು, ಹೆಚ್ಚಂದ್ರೆ ಸುಮಾರು 16 ಜಿಬಿ. ಎಂಟರಲ್ಲಿ ಒಂದು ಪಾಲು. ಲಾಂಚರಿನ ಬ್ಯಾನರ್ ಹಿಡಿದ ಆ 310 ಎಂಬಿ ನಿನ್ನ ರಸ್ತೆಯ ಟೆಕ್ಸ್ಚರಿಗೆ ಸಿಗ್ಬೇಕಾದ ಜಾಗ.

ಆದ್ರೆ ಅದು 30 ಸೆಕೆಂಡಿನ ಕತೆ ಅಲ್ಲ. ಅದು ಡಿಸ್ಕಿನದ್ದು. 7200 ಆರ್‌ಪಿಎಮ್ ಡಿಸ್ಕ್ ಒಂದು ಸುತ್ತು ಬರ್ಲಿಕ್ಕೆ 8.3 ಮಿಲಿಸೆಕೆಂಡ್ ಬೇಕು, ಹೆಡ್ ಅತ್ತಿಂದಿತ್ತ ಹೋಗುವ ಹೊತ್ತು ಬೇರೆ. ಒಂದೆರಡು ಕಡೆ ಹುಡುಕುವಷ್ಟರಲ್ಲಿ ನಿನ್ನ 16.7 ಮುಗೀತು. ಅದೇ ಡಿಸ್ಕಿಂದ ಗೇಮಿಗೂ ಫೈಲ್ ಬೇಕು, ಇನ್ಯಾರೋ ಒಟ್ಟಿಗೆ ದೊಡ್ಡ ಫೈಲ್ ಓದ್ತಾ ಇದ್ದಾರೆ, ಗೇಮ್ ಕಾಯ್ಬೇಕು. ಆ ಇನ್ಯಾರೋ ಯಾರು ಅಂತ ಹಿಡೀಬೇಕು ಈಗ.

ಒಂದೊಂದೇ ಮಾಡು, ಒಟ್ರಾಶಿ ಎಲ್ಲ ಆಫ್ ಮಾಡಿದ್ರೆ ಯಾವುದರಿಂದ ಸರಿಯಾಯ್ತು ಗೊತ್ತಾಗುದಿಲ್ಲ. ಮೊದಲು ಓವರ್‌ಲೇ (ಗೇಮ್ ಮೇಲೆ ಲಾಂಚರ್ ತೋರಿಸುವ ಪದರ) ಆಫ್, ಆಡಿ ನೋಡು. ಮತ್ತೆ ಲಾಂಚರ್ ಸೆಟ್ಟಿಂಗಲ್ಲಿ ಹಾರ್ಡ್‌ವೇರ್ ಆಕ್ಸಿಲರೇಶನ್ (ಲಾಂಚರ್ ತನ್ನ ಪೇಜ್ ಬಿಡಿಸ್ಲಿಕ್ಕೆ ಕಾರ್ಡ್ ಉಪಯೋಗಿಸುದು) ಆಫ್, ಆಡಿ ನೋಡು. ಮತ್ತೆ ರಿಸೋರ್ಸ್ ಮಾನಿಟರ್ ತೆಗೆದು ಡಿಸ್ಕ್ ಓದುದು ಯಾರು ನೋಡು.

ಹುಬ್ಬಳ್ಳಿ_ಟು_ಮಣಿಪಾಲ:

ಅಕ್ಕಾರ, ನಡುವ ಬಾಯಿ ಹಾಕ್ತೀನಿ, ನಂದೂ ಲಾಂಚರ್ ತ್ರಾಸ್ ಆಗಿತ್ರಿ ಆದ್ರ ಬ್ಯಾರೆ ಥರ. ನಂದು ಗೇಮಿಂಗ್ ಲ್ಯಾಪ್‌ಟಾಪ್, ಹಾಸ್ಟೆಲ್‌ನ್ಯಾಗ ಗೇಮ್ ಹಚ್ಚಲಾರದಾಗೂ ಫ್ಯಾನ್ ಭರ್ರ್ ಅಂತಿತ್ತು, ರೂಮ್‌ಮೇಟ್ ಮಲಗಾಕ ಆಗವಲ್ದು ಅಂತಿದ್ದ, ಬ್ಯಾಟರಿ ಎರಡು ತಾಸಿಗೆ ಖಾಲಿ. ನೋಡಿದ್ರ ಲಾಂಚರ್ ಹಿಂದ ಕುಂತು ದೊಡ್ಡ ಜಿಪಿಯು ಎಬ್ಬಿಸಿ ಇಟ್ಟಿತ್ತು, ಮಲಗಾಕ ಬಿಡವಲ್ದು ಅದನ್ನ. ವಿಂಡೋಸ್ ಸೆಟ್ಟಿಂಗ್ಸ್‌ನ್ಯಾಗ ಸಿಸ್ಟಮ್, ಡಿಸ್‌ಪ್ಲೇ, ಗ್ರಾಫಿಕ್ಸ್ ಅಂತ ಹೋಗಿ ಲಾಂಚರ್ ಆರಿಸಿ ಪವರ್ ಸೇವಿಂಗ್ ಅಂತ ಕೊಟ್ಟೆ, ಗೇಮಿನ ಫೈಲಿಗೆ ಮಾತ್ರ ಹೈ ಪರ್ಫಾರ್ಮೆನ್ಸ್. ಅವತ್ತಿಂದ ಗಪ್ ಐತ್ರಿ ಫ್ಯಾನ್. ಲ್ಯಾಪ್‌ಟಾಪ್ ಇದ್ದವರು ಇದೊಂದು ಮಾಡ್ಕೋರಿ.

ಮಲ್ಪೆ_ಬಂಗುಡೆ:

ಎಂಡ್ ಟಾಸ್ಕ್ ಕೊಟ್ಟು ಲಾಂಚರನ್ನೇ ಕೊಂದು ಆಡಿದ್ರೆ ಆಗುದಿಲ್ವಾ? ನಾನು ಹಾಗೆಯೇ ಮಾಡುದು.

ಕಲ್ಸಂಕ_ಅಕ್ಕ:

ಟೆಸ್ಟಿಗೆ ಒಮ್ಮೆ ಮಾಡಿ, ರೂಢಿ ಮಾಡ್ಬೇಡಿ. ಕೆಲವು ಗೇಮ್ ಲಾಂಚರ್ ಹೋದ ಕೂಡ್ಲೇ ತಾವೂ ಬಂದಾಗ್ತವೆ. ಅದಕ್ಕಿಂತ ದೊಡ್ಡ ತೊಂದ್ರೆ ಸೇವ್ ಫೈಲು. ಗೇಮ್ ಮುಚ್ಚಿದ ಮೇಲೆ ಲಾಂಚರ್ ಅದನ್ನು ಕ್ಲೌಡಿಗೆ ಕಳಿಸ್ತದೆ, ಅದು ಸತ್ತಿದ್ರೆ ಕಳಿಸುವವ್ರು ಯಾರು? ನಾಳೆ ಬೇರೆ ಕಂಪ್ಯೂಟರಲ್ಲಿ ತೆಗೆದ್ರೆ ಹಳೆ ಸೇವ್ ಬರ್ತದೆ, ಅದನ್ನೇ ಒತ್ತಿ ಮುಂದೆ ಆಡಿದ್ರೆ ಹೊಸತು ಹೋಯ್ತು. ನನ್ನ ಅಣ್ಣನ ಮಗನ ಇಡೀ ರಜೆಯ ಆಟ ಹಾಗೆ ಹೋಗಿದೆ, ಹುಡುಗ ಎರಡು ದಿನ ಯಾರತ್ರವೂ ಮಾತಾಡ್ಲಿಲ್ಲ, ನನಗೆ ಇವತ್ತಿಗೂ ಸಂಕಟ ಆಗ್ತದೆ ನೆನೆಸಿದ್ರೆ.

ಹಾಗೆಯೇ ಗೇಮ್ ಬೂಸ್ಟರ್ ಅಂತ ಬರುವ ಆಪ್ ಹಾಕ್ಬೇಡಿ, ಹಿಂದೆ ಓಡುವ ಸಾಮಾನು ಜಾಸ್ತಿ ಆಯ್ತು ಅಂತ ಇನ್ನೊಂದು ಸಾಮಾನು ಹಾಕಿದ ಹಾಗೆ ಆಗ್ತದೆ. ಆಂಟಿವೈರಸ್ ಆಫ್ ಮಾಡುದಂತೂ ಬೇಡವೇ ಬೇಡ.

ಚೆಂಡೆಪೆಟ್ಟು:

ನಿನ್ನೆ ರಾತ್ರಿ ಹತ್ತೂವರೆಯಿಂದ ಒಂದೂವರೆವರೆಗೆ ಕೂತಿದ್ದೆ. ಕ್ರಮವಾಗಿ ಹೇಳ್ತೇನೆ.

ಓವರ್‌ಲೇ ಆಫ್, ಏನೂ ವ್ಯತ್ಯಾಸ ಇಲ್ಲ. ಹಾರ್ಡ್‌ವೇರ್ ಆಕ್ಸಿಲರೇಶನ್ ಆಫ್ ಮಾಡಿ ಲಾಂಚರ್ ಮುಚ್ಚಿ ತೆಗೆದೆ, 310 ಎಂಬಿ ಇದ್ದದ್ದು 40ಕ್ಕೆ ಇಳೀತು, ಹೊಸ ಏರಿಯಾಕ್ಕೆ ಹೋಗುವಾಗ ಸಣ್ಣ ಸಣ್ಣ ತಡೆ ಬರ್ತಿತ್ತಲ್ಲ ಅದು ಕಮ್ಮಿ ಆದದ್ದು ಕಣ್ಣಿಗೇ ಗೊತ್ತಾಗ್ತದೆ. ಆದ್ರೆ 30 ಸೆಕೆಂಡಿನದ್ದು ಹಾಗೇ ಉಂಟು. ಮತ್ತೆ ಒಮ್ಮೆ ಟೆಸ್ಟಿಗೆ ಅಂತ ಲಾಂಚರನ್ನು ಎಂಡ್ ಟಾಸ್ಕ್ ಮಾಡಿದೆ, ನನ್ನ ಗೇಮ್ ಬಂದಾಗ್ಲಿಲ್ಲ, ಮೂರು ನಿಮಿಷ ಆಡಿದೆ, ಒಂದು ಸಲವೂ ನಿಲ್ಲಲಿಲ್ಲ! ಆಗ ಖಾತ್ರಿ ಆಯ್ತು ಕಾರ್ಡ್ ಸರಿ ಉಂಟು ಅಂತ. ನಿಜ ಹೇಳ್ಬೇಕಾದ್ರೆ ಎದೆ ಮೇಲಿಂದ ಭಾರ ಇಳಿದ ಹಾಗೆ ಆಯ್ತು.

ಕೊನೆಗೆ ಸ್ಟಾರ್ಟಲ್ಲಿ ರಿಸೋರ್ಸ್ ಮಾನಿಟರ್ ಹುಡುಕಿ ತೆಗೆದೆ, ಡಿಸ್ಕ್ ಟ್ಯಾಬ್, ಡಿಸ್ಕ್ ಆಕ್ಟಿವಿಟಿ ಒಳಗೆ ರೀಡ್ ಅನ್ನುವ ಹೆಡ್ಡಿಂಗ್ ಒತ್ತಿದ್ರೆ ಜಾಸ್ತಿ ಓದುವ ಫೈಲ್ ಮೇಲೆ ಬರ್ತದೆ. 30 ಸೆಕೆಂಡ್ ಆಗುವಾಗ ಲಾಂಚರ್ ಹೆಸರಲ್ಲಿ ಒಂದೇ ಸಲ ಸಾಲುಸಾಲು ಫೈಲ್ ಮೇಲೆ ಹತ್ತಿತು, ಎಲ್ಲ ಬೇರೆ ಒಂದು ಗೇಮಿನ ಫೋಲ್ಡರಿನದ್ದು. ನಾನು ಆಡ್ತಾ ಇದ್ದ ಗೇಮಿನದ್ದೇ ಅಲ್ಲ.

ಆಗ ನೆನಪಾಯ್ತು. ಜೂನ್ ಮೊದಲ ವಾರ ಜೋರು ಗಾಳಿಮಳೆ ಬಂದ ದಿನ ಒಂದು ದೊಡ್ಡ ಗೇಮ್ ಡೌನ್‌ಲೋಡಿಗೆ ಹಾಕಿದ್ದೆ, 40 ಜಿಬಿ ಆಗುವಾಗ ಕರೆಂಟು ಹೋಯ್ತು, ಯುಪಿಎಸ್ ಇರ್ಲಿಲ್ಲ. ಮರುದಿನ ನೆಟ್ಟೂ ಇರ್ಲಿಲ್ಲ, ಆಮೇಲೆ ಮರೆತೇಹೋಗಿತ್ತು. ಲಾಂಚರಿನ ಡೌನ್‌ಲೋಡ್ ಲಿಸ್ಟಲ್ಲಿ ತುಂಬಾ ಕೆಳಗೆ, ಕ್ಯೂನಲ್ಲಿ ಉಂಟು ಅಂತ ಬೂದು ಬಣ್ಣದಲ್ಲಿ ಕೂತಿದೆ. ವಿಂಡೋಸ್ ಹೊಸತು ಹಾಕಿದ್ರೂ ಹೋಗ್ಲಿಲ್ಲ ಯಾಕೆ ಅಂದ್ರೆ ಗೇಮ್ ಫೋಲ್ಡರ್ ಬೇರೆ ಡಿಸ್ಕಲ್ಲಿ ಇತ್ತು, ಲಾಂಚರ್ ಹಾಕಿದ ಮೇಲೆ ನಾನೇ ಆ ಫೋಲ್ಡರ್ ತೋರಿಸಿ ಕೊಟ್ಟಿದ್ದೆ.

ಫೋಲ್ಡರ್ ಡಿಲೀಟ್ ಮಾಡ್ಲಾ ಅಕ್ಕ?

ಕಲ್ಸಂಕ_ಅಕ್ಕ:

ಸಿಕ್ಕಿತು ನೋಡು! ಕರೆಂಟು ಹೋಗುವಾಗ ಫೈಲ್ ಅರ್ಧ ಬರೆದು ನಿಂತಿರ್ತದೆ, ಲಾಂಚರ್ ಪ್ರತಿ ಸಲ ತೆಗೆದು ಎಷ್ಟು ಸರಿ ಉಂಟು ಅಂತ ಓದಿ ನೋಡ್ತದೆ, ಹಾಳಾದ ತುಂಡು ಸಿಕ್ಕಿದಲ್ಲಿ ಬಿಟ್ಟು, ಸ್ವಲ್ಪ ಹೊತ್ತು ಬಿಟ್ಟು ಪುನಃ ಮೊದಲಿಂದ. ನಿನ್ನ ಲಾಂಚರ್ ಅಪ್ಡೇಟ್ ಆದ ಮೇಲೆ ಈ ಪುನಃ ನೋಡುವ ಕೆಲಸ ಜಾಸ್ತಿ ಆಗಿರ್ಬಹುದು, ಅಥವಾ ಅದೂ ಆ ಮಳೆಯ ವಾರವೇ ಬಂದದ್ದಾ ನೋಡು.

ಕೈಯಲ್ಲಿ ಡಿಲೀಟ್ ಮಾಡ್ಬೇಡ, ಲಾಂಚರಿನ ಲೆಕ್ಕದಲ್ಲಿ ಅದು ಉಳೀತದೆ, ಫೈಲ್ ಇಲ್ಲ ಅಂತ ಮತ್ತೆ ಹುಡುಕ್ತದೆ. ಡೌನ್‌ಲೋಡ್ ಲಿಸ್ಟಲ್ಲಿಯೇ ಕ್ಯಾನ್ಸಲ್ ಅಥವಾ ಅನ್‌ಇನ್‌ಸ್ಟಾಲ್ ಕೊಡು, ಲಾಂಚರನ್ನು ಪೂರ್ತಿ ಎಕ್ಸಿಟ್ ಮಾಡು, ಕ್ರಾಸ್ ಒತ್ತಿದ್ರೆ ಸಾಲದು, ಕೆಳಗೆ ಗಡಿಯಾರದ ಹತ್ರ ಇರುವ ಐಕಾನಿಂದ. ಮತ್ತೆ ತೆಗೆದು ಫೋಲ್ಡರ್ ಉಳಿದಿದ್ರೆ ಆಗ ತೆಗಿ. ಗೇಮ್ ಓಡುವಾಗ ಡೌನ್‌ಲೋಡ್ ಬೇಡ ಅನ್ನುವ ಆಯ್ಕೆ ಇದ್ರೆ ಅದನ್ನೂ ಹಾಕು, ಸ್ಟೀಮಲ್ಲಿ ಡೌನ್‌ಲೋಡ್ಸ್ ಸೆಟ್ಟಿಂಗಲ್ಲಿ ಉಂಟು, ಬೇರೆದ್ರಲ್ಲಿ ಹುಡುಕ್ಬೇಕು. ಡೌನ್‌ಲೋಡ್ ಅಂದ್ರೆ ನೆಟ್ ಮಾತ್ರ ಅಲ್ಲ, ಬಂದದ್ದನ್ನು ಬಿಚ್ಚಿ ಡಿಸ್ಕಿಗೆ ಬರೀಬೇಕು, ಅದಕ್ಕೆ ಪ್ರೊಸೆಸರೂ ಬೇಕು, ಡಿಸ್ಕೂ ಬೇಕು.

ಬಿಜೈ_ಸೋಡಾ:

ನಾನು ಒಪ್ಪಿದೆ, ಇದು ರ್‍ಯಾಮ್ ಅಲ್ಲ. ನಾನೇ ದಿನಾ ಗಿರಾಕಿಗಳಿಗೆ ರ್‍ಯಾಮ್ ಹಾಕಿ ಅಂತ ಹೇಳುವವ, ಇನ್ನು ಮುಂದೆ ಮೊದಲು ಟೈಮ್ ಕೇಳ್ತೇನೆ, ಎಷ್ಟೆಷ್ಟು ಹೊತ್ತಿಗೆ ನಿಲ್ತದೆ ಅಂತ. ಇದು ನನಗೆ ಹೊಳೆದಿರ್ಲಿಲ್ಲ.

ಚೆಂಡೆಪೆಟ್ಟು:

ಕ್ಯಾನ್ಸಲ್ ಕೊಟ್ಟು, ಎಕ್ಸಿಟ್ ಮಾಡಿ, ರೀಸ್ಟಾರ್ಟ್ ಮಾಡಿ ಬಂದೆ. ಅಕ್ಕ ಹೇಳಿದ್ದು ಸರಿ, ಲಾಂಚರ್ ಅಪ್ಡೇಟ್ ತಾರೀಕು ನೋಡಿದ್ರೆ ಕರೆಂಟು ಹೋದ ಎರಡನೇ ದಿನ. ಅಂದ್ರೆ ಅಪ್ಡೇಟ್ ಮೇಲೆ ನಾನು ಹಾಕಿದ ತಪ್ಪು ಅರ್ಧ ಮಾತ್ರ ಸರಿ.

ಕ್ಯಾಪ್‌ಫ್ರೇಮ್‌ಎಕ್ಸಲ್ಲಿ ಮೂರು ಮೂರು ನಿಮಿಷ ರೆಕಾರ್ಡ್ ಮಾಡಿದ್ದು, ಅದೇ ರಸ್ತೆ, ಅದೇ ಕಾರು. ಮೊದಲು ಸರಾಸರಿ 59, ಅತಿ ಉದ್ದದ ಫ್ರೇಮ್ 540 ಮಿಲಿಸೆಕೆಂಡ್, ಅಂಥದ್ದು ಆರು ಸಲ. ಈಗ ಸರಾಸರಿ 60, ಅತಿ ಉದ್ದದ್ದು 38, ಅದೂ ಪೇಟೆ ಒಳಗೆ ಹೊಕ್ಕುವಾಗ ಒಂದೇ ಸಲ. ಟೆಕ್ಸ್ಚರ್ ಹೈಯಿಂದ ಮೀಡಿಯಮ್‌ಗೆ ಇಳಿಸಿದ್ರೆ ಅದೂ 24ಕ್ಕೆ ಬಂತು. ಸರಾಸರಿಯಲ್ಲಿ ಒಂದೇ ಒಂದು ಜಾಸ್ತಿ ಆದದ್ದು, ಆಡುವಾಗ ಬೇರೆಯೇ ಗೇಮ್. ನಿನ್ನೆ ರಾತ್ರಿ ಇಡೀ ಘಾಟಿ ಒಂದು ಸಲವೂ ಬೀಳದೆ ಇಳಿದೆ.

ಲೆನ್ಸಿನ ದುಡ್ಡು ಲೆನ್ಸಿಗೇ. ಬಿಜೈಯವ್ರೆ, ರ್‍ಯಾಮ್ ಮಾತ್ರ ಒಂದು 8 ಜಿಬಿ ತಗೊಳ್ಳುವ ಅಂತ, ವಿಡಿಯೋ ಎಡಿಟಿಂಗಿಗೂ ಬೇಕಾಗ್ತದೆ. ನನ್ನ ಬೋರ್ಡಲ್ಲಿ ನಾಲ್ಕು ಸ್ಲಾಟ್ ಉಂಟು, ಎಲ್ಲಿ ಹಾಕ್ಲಿ?

ಬಿಜೈ_ಸೋಡಾ:

ಪ್ರೊಸೆಸರ್ ಕಡೆಯಿಂದ ಎಣಿಸಿ ಎರಡನೇದು ಮತ್ತೆ ನಾಲ್ಕನೇದು, ಸುಮಾರು ಬೋರ್ಡಿಗೆ ಹಾಗೆಯೇ, ಆದ್ರೂ ಮ್ಯಾನುವಲ್ ಒಮ್ಮೆ ನೋಡಿ. ಈಗ ಇರುವ ಸ್ಟಿಕ್ಕಿನ ಸ್ಪೀಡ್ ಸ್ಟಿಕ್ಕರ್ ಮೇಲೆ ಬರೆದಿರ್ತದೆ, ಅದೇ ಸ್ಪೀಡಿನದ್ದು ತಗೊಳ್ಳಿ, ಹಾಕಿ ಆದ ಮೇಲೆ ಬಯಾಸಲ್ಲಿ (ಕಂಪ್ಯೂಟರ್ ಶುರುವಾಗುವಾಗಿನ ಸೆಟ್ಟಿಂಗ್) ಎಕ್ಸ್‌ಎಂಪಿ, ಅಂದ್ರೆ ರ್‍ಯಾಮನ್ನು ಬರೆದ ಸ್ಪೀಡಲ್ಲಿ ಓಡಿಸುವ ಆಯ್ಕೆ, ಆನ್ ಮಾಡ್ಲಿಕ್ಕೆ ಮರೀಬೇಡಿ. ಮತ್ತೆ ಒಂದು ಸಣ್ಣ ಯುಪಿಎಸ್ ತಗೊಳ್ಳಿ ಮಾರಾಯ್ರೆ, ಆಟಿ ತಿಂಗಳ ಮಳೆ ಇನ್ನೂ ಬಾಕಿ ಉಂಟು.